ಐದನೇ ರೀಲಿನ ಮುಖ

ಪೆಟ್ಟಿಗೆ ತೆರೆಯುವ ಮೊದಲೇ ವಾಸನೆ ಬಂತು. ಉಪ್ಪಿನಕಾಯಿ ಭರಣಿ ಕೆಟ್ಟಾಗ ಮುಚ್ಚಳದ ಸಂದಿನಿಂದ ಬರುವಂಥ, ನೇರವಾಗಿ ಮೂಗಿನ ಮೂಳೆಗೆ ಹೊಡೆಯುವ ಹುಳಿ. ಹಳೆಯ ಅಸಿಟೇಟ್ ಫಿಲ್ಮ್ ಸಾಯುವಾಗ ವಿನೆಗರ್ ಬಿಡುತ್ತದೆ. ಹಾಗಾಗಿ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ನಾನು ಕೆಲಸ ಮಾಡುವ ಫಿಲ್ಮ್ ದುರಸ್ತಿಯ ಲ್ಯಾಬಿನಲ್ಲಿ ರೋಗಿಯ ಮುಖ ನೋಡುವ ಮೊದಲೇ ರೋಗ ಗೊತ್ತಾಗಿಬಿಡುತ್ತದೆ.

ತಂದವರು ಇಬ್ಬರು. ಎಂಬತ್ತು ದಾಟಿದ ಒಬ್ಬ ಮುದುಕರು, ಅವರ ತೋಳು ಹಿಡಿದುಕೊಂಡಿದ್ದ ಐವತ್ತರ ಹತ್ತಿರದ ಹೆಂಗಸು. ಮುದುಕರು ಇಸ್ತ್ರಿ ಮಾಡಿದ ಕೋಟು ತೊಟ್ಟು, ಬಣ್ಣ ಹಚ್ಚಿದ ಕೂದಲನ್ನು ಹಿಂದಕ್ಕೆ ಬಾಚಿದ್ದರು. ಒಂದು ಕಾಲದಲ್ಲಿ ಫಿಲಿಪೀನ್ಸಿನಲ್ಲಿ ನಾಯಕನಟ, ಆಮೇಲೆ ತಮ್ಮ ಚಿತ್ರಗಳಿಗೆ ತಾವೇ ನಿರ್ಮಾಪಕ. ಹೆಂಗಸು ನರ್ಸ್. ಡ್ಯೂಟಿ ಮುಗಿಸಿ ನೇರವಾಗಿ ಬಂದಿದ್ದರು, ನೀಲಿ ಯೂನಿಫಾರ್ಮಿನ ಮೇಲೆ ಸ್ವೆಟರು. ಆಕೆ ಅವರನ್ನು ತೀತೋ ಎಂದು ಕರೆಯುತ್ತಿದ್ದರು, ಅವರ ಭಾಷೆಯಲ್ಲಿ ಮಾಮ. ರಕ್ತಸಂಬಂಧವಿಲ್ಲ. ಡೇಲಿ ಸಿಟಿಯಲ್ಲಿ ಆಕೆಯ ಮನೆಯ ಕೆಳಗಿನ ಕೋಣೆಯಲ್ಲಿ ಅವರ ವಾಸ, ಗರಾಜಿನಲ್ಲಿ ಬಿಸಿನೀರಿನ ಹಂಡೆಯ ಪಕ್ಕ ಈ ಆರು ಡಬ್ಬಗಳ ವಾಸ. ಒಂದು ಕಡೆ ಹಂಡೆಯ ಶಾಖ, ಇನ್ನೊಂದು ಕಡೆ ಸಮುದ್ರದ ಮಂಜಿನ ತೇವ. ಫಿಲ್ಮನ್ನು ಕೊಲ್ಲಬೇಕೆಂದು ಯೋಚಿಸಿ ಇಟ್ಟರೂ ಇದಕ್ಕಿಂತ ಒಳ್ಳೆಯ ಜಾಗ ಸಿಗುತ್ತಿರಲಿಲ್ಲ.

ಫಾರ್ಮು ತುಂಬಿಸುವುದು ನನ್ನ ಕೆಲಸ. ನಟರು ಮಾತಾಡಿದ್ದು ಇಂಗ್ಲಿಷಿನಲ್ಲಿ, ನನ್ನ ಕಿವಿಗೆ ಬಿದ್ದ ಹಾಗೆ ಕನ್ನಡದಲ್ಲಿ ಬರೆಯುತ್ತಿದ್ದೇನೆ.

"ಇದು ನಿಮ್ಮದೇ ಚಿತ್ರ ಅನ್ನೋದಕ್ಕೆ ಏನಾದ್ರೂ ಆಧಾರ ಇದೆಯಾ, ಸರ್?"

"ಮೊದಲ ರೀಲು ಹಾಕಿ ನೋಡು. ನನ್ನ ಹೆಸರು ಎರಡು ಸಲ ಬರುತ್ತೆ. ಪರದೆ ತುಂಬ ಬರೋನು ನಾಯಕ. ಜನ ಇನ್ನೂ ಸೀಟು ಹುಡುಕ್ತಾ ಇರುವಾಗ ಚಿಕ್ಕದಾಗಿ ಬಂದು ಹೋಗೋನು ನಿರ್ಮಾಪಕ. ಇಬ್ಬರಿಗೂ ಒಂದು ದಿನವೂ ಸರಿಬರಲಿಲ್ಲ."

ನಾನು ನಗಲಿಲ್ಲ. ಮೈಸೂರಿನ ಕಾಲೇಜು ದಿನಗಳಿಂದ ಚರ್ಚಾಸ್ಪರ್ಧೆಗಳಲ್ಲಿ ನಾನು ಕಲಿತದ್ದು ಒಂದೇ: ಎದುರಿನವರು ನಗಿಸಿದರೆ ಅವರ ಪಾಯಿಂಟು ದುರ್ಬಲವಾಗಿದೆ ಎಂದು ಅರ್ಥ. ಫಾರ್ಮಿನಲ್ಲಿ 'ಆಧಾರ: ಪರಿಶೀಲಿಸಬೇಕು' ಎಂದು ಬರೆದೆ.

"ಇಡೀ ಚಿತ್ರ ಸಿಕ್ಕದಿದ್ರೂ ಪರವಾಗಿಲ್ಲ," ಎಂದರು ನರ್ಸ್. "ನಮಗೆ ಬೇಕಾಗಿರೋದು ಒಂದು ಸೆಕೆಂಡು."

ಆ ಒಂದು ಸೆಕೆಂಡಿನ ಕಥೆ ಇಷ್ಟು. ಆಕೆಯ ಅಪ್ಪ ಈ ನಟರ ಡಬಲ್ ಆಗಿದ್ದವರು. ನಾಯಕ ಬೀಳಬೇಕಾದಲ್ಲಿ ಬೀಳುವುದು, ಹಾರಬೇಕಾದಲ್ಲಿ ಹಾರುವುದು. ಈ ಚಿತ್ರದಲ್ಲಿ ಸೇತುವೆಯಿಂದ ನದಿಗೆ ಹಾರುವ ದೃಶ್ಯವಿದೆ. ಹಾರುವ ಮೊದಲು ಆತ ಮರೆತು ಕ್ಯಾಮೆರಾದ ಕಡೆ ತಿರುಗಿಬಿಟ್ಟಿದ್ದರು. ಮುಂದಿನ ಚಿತ್ರದ ಶೂಟಿಂಗಿನಲ್ಲಿ ಜೀಪು ಮಗುಚಿ ತೀರಿಕೊಂಡರು. ಆಗ ಈಕೆ ಮೂರು ತಿಂಗಳ ಕೂಸು. ಮನೆಯಲ್ಲಿದ್ದ ಒಂದೇ ಒಂದು ಮದುವೆ ಫೋಟೋ ಅದೇ ವರ್ಷದ ಪ್ರವಾಹದಲ್ಲಿ ಹೋಯಿತು. ಚಿತ್ರದ ಬೇರೆ ಪ್ರಿಂಟಾಗಲಿ, ನೆಗೆಟಿವ್ ಆಗಲಿ ಎಲ್ಲೂ ಉಳಿದಿಲ್ಲ. ಅಪ್ಪನ ಮುಖವನ್ನು ಆಕೆ ನೋಡಿಯೇ ಇಲ್ಲ.

"ಶೂಟಿಂಗಿನ ಸ್ಟಿಲ್ ಫೋಟೋಗಳು ಇರಬೇಕಲ್ಲ?"

"ಡಬಲ್‌ನ ಫೋಟೋ ಯಾರು ತೆಗೀತಾರೆ?" ಎಂದರು ನಟರು. "ಡಬಲ್ ಇದ್ದಾನೆ ಅಂತ ಜನಕ್ಕೆ ಗೊತ್ತಾಗಬಾರದು. ಸೆಟ್ಟಿಗೆ ಫೋಟೋಗ್ರಾಫರ್ ಬಂದ್ರೆ ಅವನನ್ನ ಲಾರಿ ಹಿಂದೆ ಕೂರಿಸ್ತಿದ್ವಿ. ನಾನೇ ಕೂರಿಸ್ತಿದ್ದೆ."

"ಸರಿ. ಹಾಗಾದ್ರೆ ನಿಮ್ಮ ವಾದದಲ್ಲೇ ತೊಡಕಿದೆ. ಡಬಲ್‌ನ ಮುಖ ಕಂಡ್ರೆ ಆ ಶಾಟು ಕೆಟ್ಟ ಹಾಗೆ. ಕೆಟ್ಟ ಶಾಟನ್ನ ಯಾವ ಎಡಿಟರ್ ಇಟ್ಕೋತಾನೆ?"

"ಎಡಿಟರ್ ಬೇಡ ಅಂದ. ನಾಯಕ ಬೇಡವೇ ಬೇಡ ಅಂತ ಕೂಗಾಡಿದ. ನಿರ್ಮಾಪಕ ಇಟ್ಕೊಂಡ. ಕಚ್ಚಾ ಫಿಲ್ಮು ಮುಗಿದಿತ್ತು. ಇವಳಪ್ಪ ಇನ್ನೊಂದ್ಸಲ ಹಾರೋಕೆ ರೆಡಿ ಇದ್ದ, ಕ್ಯಾಮೆರಾ ಖಾಲಿ."

"ಅರ್ಧ ಶತಮಾನದ ಹತ್ತಿರ ಆಯ್ತು. ನಿಮಗೆ ನೆನಪಿರೋದು ಶೂಟಿಂಗೋ, ಚಿತ್ರವೋ? ಸೇತುವೆ ಮೇಲೆ ಆತನ ಮುಖ ನೋಡಿರ್ತೀರಿ. ಅದನ್ನ ಪರದೆ ಮೇಲೆ ನೋಡಿದ್ದು ಅಂತ ಮನಸ್ಸು ಆಮೇಲೆ ಜೋಡಿಸಿಕೊಂಡಿರಬಹುದು."

ನರ್ಸ್ ನನ್ನನ್ನು ನೋಡಿದ ರೀತಿಯಲ್ಲಿ ಕೋಪವಿರಲಿಲ್ಲ. ಹಟ ಮಾಡುವ ರೋಗಿಯ ಬೀಪಿ ನೋಡುವಾಗಿನ ತಾಳ್ಮೆಯಿತ್ತು.

"ಥಿಯೇಟರಿನಲ್ಲಿ ಜನ ನಗೋರು," ಎಂದರು ನಟರು. "ಪ್ರತಿ ಊರಿನಲ್ಲೂ, ಅದೇ ಜಾಗದಲ್ಲಿ. 'ಯಾರೋ ಇವನು!' ಅಂತ ಸಿಳ್ಳೆ ಹೊಡೆಯೋರು. ಹೀರೋ ಆದವನಿಗೆ ಅದು ಮರೆಯುತ್ತೇನಮ್ಮ? ಐದನೇ ರೀಲಿನ ಶುರುವಿನಲ್ಲಿದೆ. ಅದನ್ನ ಮೊದಲು ಮಾಡು. ವಾರಕ್ಕೆ ಮೂರು ದಿನ ನನ್ನ ರಕ್ತ ಮೆಷಿನ್ನಿಗೆ ಹೋಗಿ ಬರುತ್ತೆ. ಆ ಮುಖ ನೋಡಿ 'ಇವನೇ' ಅನ್ನೋಕೆ ಇನ್ನು ಉಳಿದಿರೋನು ನಾನೊಬ್ಬನೇ."

ಸಹಿ ಹಾಕಿಸಿಕೊಂಡು ಡಬ್ಬಗಳನ್ನು ಒಳಗೆ ತೆಗೆದುಕೊಂಡೆ.

ಪರೀಕ್ಷೆ ಮಾಡುವ ಕ್ರಮ ಸರಳ. ಪ್ರತಿ ಡಬ್ಬದೊಳಗೂ ಒಂದು ನೀಲಿ ಕಾಗದದ ಪಟ್ಟಿ ಇಟ್ಟು ಮುಚ್ಚುತ್ತೇವೆ. ಆಮ್ಲ ಹೆಚ್ಚಿದ್ದಷ್ಟೂ ಪಟ್ಟಿ ಹಸಿರಾಗಿ, ಕೊನೆಗೆ ಹಳದಿಯಾಗುತ್ತದೆ. ಮಾರನೆಯ ದಿನ ಒಂದು, ಮೂರು, ನಾಲ್ಕು, ಆರನೆಯ ಡಬ್ಬಗಳ ಪಟ್ಟಿ ಹಸಿರು. ಆ ರೀಲುಗಳು ಕುಗ್ಗಿದ್ದವು, ಅಂಚಿನ ತೂತುಗಳು ಹರಿದಿದ್ದವು, ಆದರೂ ಸುತ್ತು ಬಿಚ್ಚುತ್ತಿದ್ದವು. ಎರಡು ಮತ್ತು ಐದು ಅಪ್ಪಟ ಹಳದಿ. ಸುತ್ತಿಗೆ ಸುತ್ತು ಅಂಟಿ, ಅಂಚಿನಲ್ಲಿ ಬಿಳಿ ಪುಡಿ ಕಟ್ಟಿ, ಎರಡೂ ಬೆಲ್ಲದ ಅಚ್ಚಿನ ಹಾಗೆ ಗಟ್ಟಿ.

"ಇವೆರಡೂ ಕಲ್ಲಾಗ್ಯಾವ," ಎಂದರು ಕಾಕಾ.

ಕಾಕಾ ಎಂದರೆ ಹುಬ್ಬಳ್ಳಿಯ ಕಡೆಯ ಒಬ್ಬ ನಿವೃತ್ತ ರಸಾಯನಶಾಸ್ತ್ರಜ್ಞರು. ಇಂಡಿಯಾದಲ್ಲಿದ್ದಾಗ ಫಿಲ್ಮ್ ತಯಾರಿಸುವ ಕಾರ್ಖಾನೆಯಲ್ಲಿ ಲೇಪದ ವಿಭಾಗದಲ್ಲಿದ್ದವರು. ಈಗ ಸಾಂಟಾ ಕ್ಲಾರಾದಲ್ಲಿ ಮಗಳ ಮನೆ. ವಾರಕ್ಕೆರಡು ದಿನ ರೈಲು ಹತ್ತಿ ನಮ್ಮ ಲ್ಯಾಬಿಗೆ ಸುಮ್ಮನೆ ಕೆಲಸ ಮಾಡಲು ಬರುತ್ತಾರೆ. "ಮೊಮ್ಮಗಾ ನಾ ಏನ್ ಕೇಳಿದ್ರೂ ಇಂಗ್ಲಿಷಿನ್ಯಾಗ ಉತ್ತರಾ ಕೊಡ್ತಾನ, ನೀ ಕನ್ನಡದಾಗ ಜಗಳಾ ಮಾಡ್ತಿ, ಅದs ಪಾಡ" ಎನ್ನುತ್ತಾರೆ.

ಅಂಟಿಕೊಂಡ ರೀಲನ್ನು ಬಿಡಿಸುವುದಕ್ಕೆ ಇರುವುದು ಒಂದೇ ದಾರಿ. ಗಾಜಿನ ಮುಚ್ಚಿದ ಪಾತ್ರೆಯ ತಳದಲ್ಲಿ ನೀರು, ಗ್ಲಿಸರಿನ್, ಅಸಿಟೋನ್ ಬೆರೆಸಿದ ದ್ರಾವಣ. ಮೇಲೆ ಜಾಲರಿಯ ಮೇಲೆ ರೀಲು. ವಾರಗಟ್ಟಲೆ ಆ ಆವಿ ಕುಡಿದು ಫಿಲ್ಮು ಮೆತ್ತಗಾಗುತ್ತದೆ, ಬಿಚ್ಚಲು ಬರುತ್ತದೆ. ಆದರೆ ಆ ಮೆದುತನ ಕೆಲವು ಗಂಟೆಗಳದ್ದು. ಅಷ್ಟರಲ್ಲಿ ಬಿಚ್ಚಿ ಸ್ಕ್ಯಾನ್ ಮಾಡಬೇಕು. ಆಮೇಲೆ ಅದು ಮೊದಲಿಗಿಂತ ಗಟ್ಟಿಯಾಗಿ, ಪುಡಿಯಾಗುತ್ತದೆ. ಎರಡನೆಯ ಅವಕಾಶವೆಂಬುದಿಲ್ಲ. ಆವಿ ಕಡಿಮೆಯಾದರೆ ಬಿಚ್ಚುವುದಿಲ್ಲ, ಹೆಚ್ಚಾದರೆ ಚಿತ್ರವನ್ನು ಹಿಡಿದಿರುವ ಜೆಲಾಟಿನ್ ಪದರವೇ ಹಾಲಿನ ಕೆನೆಯಂತೆ ಜಾರಿಬಿಡುತ್ತದೆ. ಎಷ್ಟು ಸರಿ ಎಂಬುದು ಪ್ರತಿ ಫಿಲ್ಮಿಗೂ ಬೇರೆ.

ಪಾತ್ರೆ, ದ್ರಾವಣ ಸಿದ್ಧವಾಗುವವರೆಗೆ ಒಳ್ಳೆಯ ನಾಲ್ಕು ರೀಲುಗಳನ್ನು ಸ್ಕ್ಯಾನ್ ಮಾಡಿದೆ. ಹರಿದ ತೂತುಗಳಿಗೆ ಒಂದೊಂದಾಗಿ ಟೇಪು ಹಚ್ಚಿ, ಕೈಯಿಂದ ಒರೆಸಿ, ಯಂತ್ರವನ್ನು ಅತ್ಯಂತ ನಿಧಾನದ ವೇಗಕ್ಕೆ ಇಟ್ಟು. ಮೊದಲ ರೀಲಿನಲ್ಲಿ ಅವರ ಹೆಸರು ಎರಡು ಸಲ ಬಂತು. ಒಂದು ಪರದೆ ತುಂಬ, ಒಂದು ಚಿಕ್ಕದು. ಫಾರ್ಮು ತಿದ್ದಿದೆ.

ಮೂರನೆಯ ರೀಲಿನ ಹೊಡೆದಾಟದಲ್ಲಿ ಮೊದಲ ಸಲ ಆ ಇನ್ನೊಬ್ಬನನ್ನು ಕಂಡೆ. ಕಂಡೆ ಎಂದರೆ, ಬೆನ್ನನ್ನು. ಅದೇ ಅಂಗಿ, ಅದೇ ಕ್ರಾಪು, ಆದರೆ ಎಡಭುಜ ಒಂದಿಷ್ಟು ಕೆಳಗೆ. ನಟರು ಬೀಳುವಾಗ ಕೈ ಮುಂದೆ ಚಾಚುತ್ತಾರೆ, ಹೆದರುವ ಎಲ್ಲ ಮನುಷ್ಯರ ಹಾಗೆ. ಈತ ಗದ್ದವನ್ನು ಎದೆಗೆ ಒತ್ತಿಕೊಂಡು, ಹಾಸಿಗೆಗೆ ಉರುಳುವವನ ಹಾಗೆ ಬೀಳುತ್ತಿದ್ದ. ಎದ್ದ ಕ್ಷಣ ಶಾಟು ಕಟ್. ಎದ್ದದ್ದು ನಟರ ಮುಖ. ಏಳುವ ಮುಖ ಯಾವಾಗಲೂ ನಟರದು. ಹನ್ನೊಂದು ಸಲ ಬಿದ್ದದ್ದನ್ನು ಗುರುತು ಮಾಡಿಕೊಂಡೆ. ಒಂದರಲ್ಲೂ ಮುಖವಿಲ್ಲ. ನಾಲ್ಕನೆಯ ರೀಲು ಮುಗಿಯುವುದು ನಾಯಕ ಪೊಲೀಸರಿಂದ ತಪ್ಪಿಸಿಕೊಂಡು ಸೇತುವೆಯ ಕಡೆ ಓಡುವಲ್ಲಿ. ಆರನೆಯದು ಶುರುವಾಗುವಾಗ ಆತ ಗುಡಿಸಿಲಿನಲ್ಲಿ ಅಂಗಿ ಒಣಗಿಸುತ್ತಿದ್ದಾನೆ. ನಡುವೆ ಹಾರಲೇಬೇಕು. ನಟರು ಹೇಳಿದ್ದಕ್ಕೆ ಚಿತ್ರವೇ ಸಾಕ್ಷಿ ನುಡಿಯುತ್ತಿತ್ತು. ನಾನು ಪಕ್ಷ ಬದಲಿಸಿದೆ. ಇನ್ನು ಐದನೆಯ ರೀಲನ್ನು ಉಳಿಸುವುದು ನನ್ನ ವಾದವಾಯಿತು.

ತಪ್ಪು ಆದದ್ದು ಅಲ್ಲಿಂದ ಮುಂದೆ.

"ಮೊದಲು ಎರಡನೇ ರೀಲನ್ನ ಹಾಕೋಣ ಕಾಕಾ," ಎಂದೆ. "ಅದರ ಮೇಲೆ ಡೋಸು ಎಷ್ಟು ಅಂತ ಕಲಿಯೋಣ. ಕಲಿತದ್ದನ್ನ ಐದನೇದಕ್ಕೆ ಉಪಯೋಗಿಸೋಣ. ಎರಡೂ ಒಂದೇ ಪ್ರಿಂಟು, ಒಂದೇ ಗರಾಜು, ಒಂದೇ ವಯಸ್ಸು. ಟ್ರಯಲ್ಲಿಗೆ ಇದಕ್ಕಿಂತ ಒಳ್ಳೇದು ಸಿಗಲ್ಲ."

"ಟ್ರಯಲ್ ಅಂದ್ರ ಬಲಿ ಅಂತ ಅರ್ಥ ಏನವಾ?"

"ಬಲಿ ಯಾಕೆ? ಆದ್ಯತೆ. ಎರಡರಲ್ಲಿ ಒಂದು ಮುಖ್ಯ ಅಂದಾಗ..."

"ಎರಡಕ್ಕೂ ಸಣ್ಣ ಡೋಸು ಕೊಡು. ಹೆಚ್ಚು ದಿನಾ ತಗೋತದ, ತಗೊಳ್ಳಿ. ಯಾವುದು ಕೂಸು, ಯಾವುದು ಕೂಸಿನ ದೃಷ್ಟಿಬೊಟ್ಟು ಅಂತ ನೀ ಯಾಕ ಠರಾಸ್ತಿ?"

"ಹೆಚ್ಚು ದಿನ ಅಂದ್ರೆ ಎಷ್ಟು? ಅವರು ಡಯಾಲಿಸಿಸ್‌ನಲ್ಲಿದ್ದಾರೆ. ನಿಮ್ಮ ದಾರೀಲಿ ಹೋದ್ರೆ ಎರಡೂ ರೀಲು ಉಳಿದು, ಗುರುತು ಹಿಡಿಯೋ ಮನುಷ್ಯ ಹೋಗಿಬಿಟ್ರೆ?"

ಕಾಕಾ ಕನ್ನಡಕ ಒರೆಸಿಕೊಂಡರು. "ನಿನ್ನ ಮಾತು ಖರೇನs ಅದ. ಅದs ನನಗ ಅಂಜಿಕಿ. ರೀಲು ನಿನ್ನ ಮಾತು ಕೇಳಬೇಕಲ್ಲ."

ಆದರೂ ಒಪ್ಪಿದರು. ಲ್ಯಾಬಿನ ಮುಖ್ಯಸ್ಥೆಯೂ ಒಪ್ಪಿದರು. ನಾನು ಅಷ್ಟಕ್ಕೇ ಬಿಡಲಿಲ್ಲ, ನಟರಿಗೆ ಫೋನು ಮಾಡಿ ವಿವರಿಸಿದೆ. "ಎರಡನೇ ರೀಲು ತಾನೆ?" ಎಂದರು. "ಅದರಲ್ಲಿ ಮಾರ್ಕೆಟ್ಟಿನ ಹಾಡಿದೆ. ನಾನು ಮೀನು ಹಿಡ್ಕೊಂಡು ಕುಣೀತೀನಿ. ಹೋದರೆ ಸಮಾಜಕ್ಕೇ ಒಳ್ಳೇದು. ಮಾಡು." ಮೂರು ಜನರ ಒಪ್ಪಿಗೆ, ಲಿಖಿತ ಕಾರಣ, ಸ್ಪಷ್ಟ ಆದ್ಯತೆ. ಅಂಥ ಗೆಲುವು ನನಗೆ ಯಾವ ಸ್ಪರ್ಧೆಯಲ್ಲೂ ಸಿಕ್ಕಿರಲಿಲ್ಲ.

ಡಬ್ಬದ ಮೇಲೆ ಹಳದಿ ಟೇಪು ಅಂಟಿಸಿ ಕಪ್ಪು ಪೇಂಟಿನಲ್ಲಿ '2' ಎಂದು ಬರೆದಿತ್ತು. ಒಳಗಿನ ರೀಲಿನ ಹೊರತುದಿಯಲ್ಲಿ ಅಂಕಿ ಬರೆದ ಲೀಡರ್, ಅಂದರೆ ಖಾಲಿ ಫಿಲ್ಮಿನ ತುಂಡು, ಇರಬೇಕಿತ್ತು, ಯಾವುದೋ ಥಿಯೇಟರಿನವರು ಅದನ್ನು ಎಂದೋ ಕತ್ತರಿಸಿಕೊಂಡಿದ್ದರು. ಹೊರಗಿನ ಸುತ್ತನ್ನು ಭೂತಗನ್ನಡಿಯಲ್ಲಿ ನೋಡಿದೆ. ಮರಗಳು, ಒಂದು ಮಣ್ಣುದಾರಿ. ಅಂಥ ಮರ, ಅಂಥ ದಾರಿ ಚಿತ್ರದ ತುಂಬ ಇದ್ದವು. ಡಬ್ಬದ ಮೇಲೆ ಎರಡು ಎಂದಿದೆ, ಎರಡು. ಮುಂದೆ ಹೋದೆ.

ಹದಿನೆಂಟನೆಯ ದಿನ ಗಾಜಿನ ಹೊರಗಿನಿಂದ ನೋಡಿದರೆ ಸುತ್ತುಗಳ ನಡುವೆ ಕೂದಲೆಳೆಯಷ್ಟು ಸಂದು ಕಂಡಿತು. "ತಗದುಬಿಡು, ಸಾಕು," ಎಂದರು ಕಾಕಾ. ಒಳಗಿನ ತಿರುಳು ಇನ್ನೂ ಗಟ್ಟಿಯಿದ್ದಂತಿತ್ತು. ಪೂರ್ತಿ ಬಿಚ್ಚದಿದ್ದರೆ ಪೂರ್ತಿ ಡೋಸು ಗೊತ್ತಾಗುವುದು ಹೇಗೆ? "ಟ್ರಯಲ್ ರೀಲು ಅಲ್ವಾ ಕಾಕಾ, ಇನ್ನೆರಡು ದಿನ ಇರಲಿ. ಮಿತಿ ಎಲ್ಲಿದೆ ಅಂತ ತಿಳಿಯುತ್ತೆ," ಎಂದೆ. ಐದನೆಯ ರೀಲೆಂದು ತಿಳಿದಿದ್ದರೆ ನಾನು ಹದಿನಾರನೆಯ ದಿನವೇ ತೆಗೆಯುತ್ತಿದ್ದೆ. ಇದು ಈಗ ಹೇಳುತ್ತಿರುವ ಮಾತಲ್ಲ, ಅಂದಿನ ಲಾಗ್ ಪುಸ್ತಕದಲ್ಲಿ ನನ್ನದೇ ಅಕ್ಷರದಲ್ಲಿದೆ: 'ಐದನೆಯದಕ್ಕೆ ಹದಿನಾರು ದಿನ ಮೀರಬಾರದು.'

ಇಪ್ಪತ್ತನೆಯ ದಿನ ಬೆಳಿಗ್ಗೆ ತೆರೆದೆವು. ಬೆಳಕಿನ ಮೇಜಿನ ಮೇಲೆ ರೀಲನ್ನು ಮಲಗಿಸಿ ಬಿಚ್ಚಲು ಶುರು ಮಾಡಿದೆ. ಕಾಕಾ ಇನ್ನೊಂದು ತುದಿಯನ್ನು ಹಿಡಿದರು. ಥಿಯೇಟರಿನಲ್ಲಿ ಓಡಿಸಿದ ಮೇಲೆ ತಿರುವಿ ಸುತ್ತದೆ ಹಾಗೆಯೇ ಇಟ್ಟ ಪ್ರಿಂಟು ಅದು. ಹಾಗಾಗಿ ಕೊನೆ ಹೊರಗೆ, ಆರಂಭ ತಿರುಳಿನಲ್ಲಿ. ನಾವು ನೋಡುತ್ತಿದ್ದದ್ದು ಹಿಂದುಮುಂದಾಗಿ.

ಮೊದಲ ಸುತ್ತುಗಳು ಸಲೀಸಾಗಿ ಬಂದವು. ಮರ, ದಾರಿ. ಆಮೇಲೆ ಜೆಲಾಟಿನ್ ನನ್ನ ಕೈಗವಸಿಗೆ ಅಂಟಿ ಬಂತು. ಬಣ್ಣಬಣ್ಣದ ಲೋಳೆ. ನಿರೀಕ್ಷಿಸಿದ್ದೇ. 'ಮಿತಿ ಮೀರಿದೆ' ಎಂದು ಬರೆದುಕೊಳ್ಳಲು ಪೆನ್ನು ಎತ್ತಿದವಳು ಅಲ್ಲೇ ನಿಂತೆ. ಉಳಿದಿದ್ದ ಒಂದು ತುಂಡಿನಲ್ಲಿ ನಟರು ದಡದ ಮೇಲೆ ಕೂತಿದ್ದರು. ಅಂಗಿ ಮೈಗೆ ಅಂಟಿತ್ತು. ಕೂದಲಿನಿಂದ ನೀರು ಇಳಿಯುತ್ತಿತ್ತು.

"ಮಾರ್ಕೆಟ್ಟಿನ್ಯಾಗ ಮಳಿ ಬಂದಿತ್ತೇನು?" ಎಂದರು ಕಾಕಾ.

ಮಳೆಯಲ್ಲ, ನದಿ. ನನ್ನ ಕೈಯಲ್ಲಿದ್ದದ್ದು ಐದನೆಯ ರೀಲು.

ನಿಲ್ಲಿಸುವ ಹಾಗಿಲ್ಲ. ನಿಲ್ಲಿಸಿದರೆ ಒಣಗುತ್ತದೆ. ಬಿಚ್ಚುತ್ತಾ ಹೋದೆವು. ನದಿ ಬಂತು. ಒಂದು ತಲೆ ನೀರಿನೊಳಗೆ ಹೋಯಿತು. ನೀರು ಮುಚ್ಚಿಕೊಂಡಿತು, ಆಮೇಲೆ ಹೂವಿನ ಹಾಗೆ ತೆರೆದುಕೊಂಡಿತು. ಅದರೊಳಗಿಂದ ಒಬ್ಬ ಮನುಷ್ಯ ಪಾದ ಮೇಲಾಗಿ ಎದ್ದು, ಗಾಳಿಯಲ್ಲಿ ಮೇಲಕ್ಕೇರಿ, ಸೇತುವೆಯ ಕಂಬಿಯ ಮೇಲೆ ನಿಂತ. ಚೌಕಕ್ಕೆ ಚೌಕ ಹೀಗೆ ಆತ ಮೇಲೇರುತ್ತಿದ್ದಷ್ಟೂ ಲೇಪ ಹೆಚ್ಚು ಜಾರುತ್ತಿತ್ತು. ತಿರುಳಿನ ಹತ್ತಿರ ಬಂದಾಗ ಕೈಗೆ ಬಂದದ್ದು ಬರಿಯ ಪಾರದರ್ಶಕ ಪಟ್ಟಿ. ಚಿತ್ರವೆಲ್ಲ ಮೇಜಿನ ಮೇಲೆ ಒಂದು ಕೆಂಪುಕಂದು ಕೊಚ್ಚೆ. ಆ ಕೊಚ್ಚೆಯಲ್ಲಿ ಒಂದು ಸೆಕೆಂಡಿತ್ತು.

ಕಾಕಾ ಬೈಯಲಿಲ್ಲ. ಬೈದಿದ್ದರೆ ನಾನು ವಾದಿಸುತ್ತಿದ್ದೆ. ಬಟ್ಟೆಯೊಂದನ್ನು ತಂದು ಮೇಜಿನ ಅಂಚು ಒರೆಸಿದರು. ಮಧ್ಯಕ್ಕೆ ಕೈ ಹಚ್ಚಲಿಲ್ಲ.

ನಾನು ಮಾಡಿದ ಇನ್ನೊಂದು ತಪ್ಪು, ಆ ಮಧ್ಯಾಹ್ನವೇ ನಟರಿಗೆ ಫೋನು ಮಾಡಿದ್ದು. ವಿಷಯ ತಿಳಿಸಲೆಂದು ಅಂದುಕೊಂಡೇ ಮಾಡಿದೆ. ಆದರೆ ನಿಜ ಹೇಳಬೇಕಾದರೆ ನನಗೆ ಬೇಕಾಗಿದ್ದದ್ದು ಬೇರೆ ಯಾರದಾದರೂ ತಪ್ಪು.

"ಸರ್, ಆ ಡಬ್ಬಗಳ ಮೇಲೆ ನಂಬರ್ ಬರೆದವರು ಯಾರು?"

"ನಾನೇ! ಯಾಕೆ?" ಧ್ವನಿಯಲ್ಲಿ ಹುರುಪಿತ್ತು. ಅಂದು ಡಯಾಲಿಸಿಸ್ ಇಲ್ಲದ ದಿನ. "ಹಳದಿ ಟೇಪಲ್ವಾ? ಅದೊಂದು ಕಥೆ ಕೇಳು. ಆಗ ಪ್ರಿಂಟು ಕದ್ದು, ಬೇರೆ ಊರಲ್ಲಿ ಓಡಿಸೋ ಕಳ್ಳರಿದ್ದರು. ಈ ಪ್ರಿಂಟನ್ನ ಇಲ್ಲಿ ನಮ್ಮ ಜನಕ್ಕೆ ತೋರಿಸೋಕೆ ಅಂತ ಹೊತ್ಕೊಂಡು ಬಂದಾಗಲೂ ಅದೇ ಭಯ. ಅದಕ್ಕೆ ನಿರ್ಮಾಪಕ ಒಂದು ಉಪಾಯ ಮಾಡಿದ್ದ. ನನ್ನ ಎಲ್ಲಾ ಚಿತ್ರದಲ್ಲೂ ಎರಡು, ಐದು ಅದಲುಬದಲು! ಕದ್ದೋನು ಓಡಿಸಿದ್ರೆ, ಹೀರೋ ಮೊದಲು ನದಿಗೆ ಹಾರ್ತಾನೆ, ಆಮೇಲೆ ಒಣಗಿದ ಬಟ್ಟೇಲಿ ಮಾರ್ಕೆಟ್ಟಿನಲ್ಲಿ ಕುಣೀತಾನೆ! ಜನ ಕುರ್ಚಿ ಮುರೀತಾರೆ! ಯಾವ ಕಳ್ಳನಿಗೂ..."

ನಗು ಇನ್ನೂ ಬಾಯಲ್ಲಿರುವಾಗಲೇ ಮಾತು ನಿಂತಿತು. ಎಲ್ಲೋ ಟೀವಿಯಲ್ಲಿ ಹವಾಮಾನ ಹೇಳುತ್ತಿದ್ದರು.

"ನೀನು ಮೊದಲು ಮಾಡಿದ್ದು ಯಾವುದು?" ಎಂದರು.

"ಎರಡು ಅಂತ ಬರೆದಿದ್ದು."



ಎಲ್ಲರನ್ನೂ ಅಡ್ಡ ಪ್ರಶ್ನೆ ಕೇಳಿದ್ದೆ. ಮುದುಕನ ನೆನಪನ್ನು ಕೇಳಿದ್ದೆ, ಎಡಿಟರನ ವಿವೇಕವನ್ನು ಕೇಳಿದ್ದೆ, ಕಾಕಾನ ಅನುಭವವನ್ನು ಕೇಳಿದ್ದೆ. ಬರವಣಿಗೆಯಲ್ಲಿದ್ದ ಒಂದೇ ಒಂದು ಅಂಕಿಯನ್ನು ಏನೂ ಕೇಳಿರಲಿಲ್ಲ. ಬಾಯಿಮಾತು ಸಂಶಯಾಸ್ಪದ, ಬರೆದದ್ದು ಪ್ರಮಾಣ ಎಂದು ನನಗೆ ಯಾರು ಹೇಳಿಕೊಟ್ಟರೋ ಗೊತ್ತಿಲ್ಲ. ಹೇಳಿಕೊಟ್ಟವರಿಗೂ ಕಪ್ಪು ಪೇಂಟು ಹಿಡಿದು ನಗುವ ನಿರ್ಮಾಪಕರ ಪರಿಚಯ ಇದ್ದಿರಲಾರದು.

ಐದು ಎಂದು ಬರೆದ ಡಬ್ಬದಲ್ಲಿದ್ದ ನಿಜವಾದ ಎರಡನೆಯ ರೀಲನ್ನು ಹದಿನಾರು ದಿನಕ್ಕೆ ತೆಗೆದೆವು. ಒಂದು ಚೌಕವೂ ಹಾಳಾಗಲಿಲ್ಲ. ಮೀನು ಹಿಡಿದುಕೊಂಡು ನಾಯಕ ಎಷ್ಟು ಚೆನ್ನಾಗಿ ಕುಣಿದಿದ್ದರೆಂದರೆ, ಪಕ್ಕದ ಮೇಜಿನವರು ಬಂದು ನಿಂತು ನೋಡಿ ಚಪ್ಪಾಳೆ ತಟ್ಟಿದರು. ನಾನು ಹೊರಗೆ ಹೋಗಿ ಬಸ್ ಸ್ಟಾಪಿನ ಬೆಂಚಿನ ಮೇಲೆ ಕೂತು ಬಂದೆ.

ಆ ಹದಿನಾರು ದಿನಗಳಲ್ಲಿ ಕಾಕಾ ಮತ್ತು ನಾನು ಹಾಳಾದ ಪಟ್ಟಿಯನ್ನು ಅಂಗುಲ ಅಂಗುಲವಾಗಿ ನೋಡಿದೆವು. ವಾರಕ್ಕೆರಡು ದಿನ ಬರುತ್ತಿದ್ದವರು ದಿನವೂ ಬಂದರು. ಸೇತುವೆಯ ಶಾಟಿನ ಆರಂಭದಲ್ಲಿ, ಅಂಟಿದ ಎರಡು ಸುತ್ತುಗಳ ನಡುವೆ ಸಿಕ್ಕಿಕೊಂಡಿದ್ದ ಒಂದು ಚೌಕ ಸಿಕ್ಕಿತು. ಒಂದೇ. ಕಂಬಿ ಹಿಡಿದ ಕೈ, ತಗ್ಗಿದ ಎಡಭುಜ, ತಿರುಗಿದ ತಲೆ. ಹಣೆ, ಹುಬ್ಬು, ಕಣ್ಣುಗಳು. ಮೂಗಿನ ಕೆಳಗೆ ಏನೂ ಇಲ್ಲ. ಅಲ್ಲಿಂದ ಲೇಪ ಸುಕ್ಕಾಗಿ ಜಾರಿಹೋಗಿತ್ತು.

"ಬಾಯಿ ಇಲ್ಲ," ಎಂದೆ.

"ಕಣ್ಣು ಅವ," ಎಂದರು ಕಾಕಾ. "ಹೋಗು. ಫೋನಿನ್ಯಾಗ ಹೇಳಬ್ಯಾಡ. ಈ ಸಲ ಹೋಗಿ ಎದುರಿಗೆ ನಿಂತು ಹೇಳು."

ಚೌಕವನ್ನು ಸ್ಕ್ಯಾನ್ ಮಾಡಿ, ಪುಸ್ತಕದಷ್ಟು ದೊಡ್ಡದಾಗಿ ಪ್ರಿಂಟು ತೆಗೆದು, ಒಂದು ಶನಿವಾರ ಮಧ್ಯಾಹ್ನ ಡೇಲಿ ಸಿಟಿಗೆ ಹೋದೆ. ಬಾಗಿಲು ತೆರೆದ ನರ್ಸಿಗೆ ಬಾಗಿಲಲ್ಲೇ ಎಲ್ಲ ಹೇಳಿದೆ. ಹೆಚ್ಚುವರಿ ಎರಡು ದಿನ, ಲಾಗ್ ಪುಸ್ತಕದ ಸಾಲು, ಯಾವುದನ್ನೂ ಬಿಡದೆ. ಆಕೆ ತಡೆಯದೆ ಕೇಳಿದರು.

"ನಾನು ದಿನಾ ಔಷಧಿ ಕೊಡೋಳು," ಎಂದರು. "ಬಾಟ್ಲಿ ಮೇಲೆ ಬರೆದಿದ್ದನ್ನ ಓದಿ ಕೊಡ್ತೀನಿ. ಒಳಗೆ ಏನಿದೆ ಅಂತ ನೆಕ್ಕಿ ನೋಡಲ್ಲ." ಅದು ಕ್ಷಮೆಯೋ, ಬರಿಯ ವಿವರಣೆಯೋ, ನನಗೆ ಗೊತ್ತಾಗಲಿಲ್ಲ. "ತೀತೋ ಆ ಫೋನಿನ ದಿನದಿಂದ ಸರಿಯಾಗಿ ತಿಂದಿಲ್ಲ. ಒಳಗೆ ಬಾ."

ನಟರು ಕಿಟಕಿಯ ಪಕ್ಕದ ಕುರ್ಚಿಯಲ್ಲಿದ್ದರು. ಕೂದಲಿಗೆ ಬಣ್ಣ ಹಚ್ಚಿರಲಿಲ್ಲ, ಬುಡದಲ್ಲೆಲ್ಲ ಬಿಳಿ. ಪ್ರಿಂಟನ್ನು ಅವರ ಕೈಗೆ ಕೊಟ್ಟೆ. ನೋಡಿದರು. ಅವರ ಹೆಬ್ಬೆರಳು, ಚಿತ್ರ ಇಲ್ಲದ ಜಾಗದ ಮೇಲೆ ಹೋಗಿ ನಿಂತಿತು.

"ಅವನೇ," ಎಂದರು.

ನರ್ಸ್ ಅವರ ಪಕ್ಕದ ಸ್ಟೂಲಿನ ಮೇಲೆ ಕೂತು ಪ್ರಿಂಟನ್ನು ತೆಗೆದುಕೊಂಡು ಬಹಳ ಹೊತ್ತು ನೋಡಿದರು. ನಾನು ಆಕೆಯ ಮುಖವನ್ನು ನೋಡುತ್ತಿದ್ದೆ, ಏನಾದರೂ ಆಗುತ್ತದೆಂದು. ಏನೂ ಆಗಲಿಲ್ಲ. ಗುರುತಿಲ್ಲದವರ ಫೋಟೋ ನೋಡಿದ ಹಾಗೆಯೇ ನೋಡುತ್ತಿದ್ದರು. ನೋಡಿಯೇ ಇಲ್ಲದ ಮುಖವನ್ನು ಗುರುತಿಸುವುದಾದರೂ ಹೇಗೆ?

"ಹೆದರಿದ್ರಾ ಅಪ್ಪ?" ಎಂದರು ಕೊನೆಗೆ. "ಕಣ್ಣು ನೋಡಿದ್ರೆ ಗೊತ್ತಾಗ್ತಿಲ್ಲ."

"ಇಲ್ಲ, ಇಲ್ಲ. ಅವನು..." ನಟರು ಕೈ ಎತ್ತಿ ಮಾತಿಗಾಗಿ ಹುಡುಕಿದರು. ಸಿಗಲಿಲ್ಲ. "ತಡಿ. ತೋರಿಸ್ತೀನಿ."

ಕುರ್ಚಿಯಲ್ಲೇ ಬೆನ್ನು ನೆಟ್ಟಗೆ ಮಾಡಿಕೊಂಡರು. ಕಿಟಕಿಯ ಹಲಗೆಯನ್ನು ಸೇತುವೆಯ ಕಂಬಿಯ ಹಾಗೆ ಹಿಡಿದುಕೊಂಡು, ನಮಗೆ ಬೆನ್ನು ಕೊಟ್ಟು, ಒಂದು ಉಸಿರು ಬಿಟ್ಟು ತಿರುಗಿದರು. ಹುಬ್ಬು ಗಂಟು, ದವಡೆ ಬಿಗಿ, ದೂರದ ನೋಟ. ಮೂರನೆಯ ರೀಲಿನಲ್ಲಿ ನಾನು ನೂರು ಸಲ ನೋಡಿದ್ದ ನಾಯಕ.

ಅವರೇ ತಲೆ ಆಡಿಸಿದರು. "ಇದು ನಾನು. ಥೂ."

ನನ್ನ ಕೈ ತಾನಾಗಿ ಜೇಬಿನಲ್ಲಿದ್ದ ಫೋನಿಗೆ ಹೋಯಿತು, ರೆಕಾರ್ಡು ಮಾಡಲು. ನರ್ಸ್ ನನ್ನತ್ತ ನೋಡದೆಯೇ ಬೇಡವೆಂದು ಬೆರಳು ಅಲ್ಲಾಡಿಸಿದರು.

ನಟರು ಮತ್ತೆ ಕಿಟಕಿಗೆ ಮುಖ ಮಾಡಿದರು. ಈ ಸಲ ತಡವಾಯಿತು. ಭುಜಗಳು ಇಳಿದವು. ಎಡಭುಜ ಇನ್ನೂ ಒಂದಿಷ್ಟು ಕೆಳಗೆ ಬಂತು. ಬೆನ್ನಿನಲ್ಲಿದ್ದ ನಾಯಕ ಹೋಗಿ, ಅಲ್ಲಿ ಬೆಳಗಿನಿಂದ ಊಟಕ್ಕೆ ಕಾದಿದ್ದ ಒಬ್ಬ ಕೆಲಸದವ ಬಂದು ಕೂತ. ತಿರುಗಿದಾಗ ಬಾಯಿ ಅರ್ಧ ತೆರೆದಿತ್ತು. ಮೇಲ್ತುಟಿಯ ಒಂದು ಬದಿ ಮೇಲಕ್ಕೆ ಹೋಗಿ, ಒಂದು ಹಲ್ಲು ಕಾಣಿಸಿತು. ನಗು. ಶಾಟು ಹಾಳು ಮಾಡಿದೆನೆಂದು ಆ ಕ್ಷಣದಲ್ಲಿ ಗೊತ್ತಾದ, ಗೊತ್ತಾದ ಮೇಲೂ ನಿಲ್ಲಿಸಲಾಗದ ನಗು.

"ನೀರು ತಣ್ಣಗಿದೆ ಕಣೋ, ಶನಿ, ಅಂತ ನನಗೆ ಬೈತಿದ್ದ," ಎಂದರು ತುಟಿ ಅಲ್ಲಾಡಿಸದೆ, ಆ ಮುಖ ಕೆಡದ ಹಾಗೆ.

ನರ್ಸ್ ಪ್ರಿಂಟನ್ನು ನಟರ ತೊಡೆಯ ಮೇಲಿಟ್ಟು ಎದ್ದು ನಿಂತರು. ಎರಡು ಬೆರಳಿನಿಂದ ಅವರ ಗದ್ದ ಹಿಡಿದು, ಕಿಟಕಿಯ ಬೆಳಕಿನ ಕಡೆಗೆ ಒಂದಿಷ್ಟು ತಿರುಗಿಸಿದರು. ನಟರ ಕೆನ್ನೆ ನಡುಗತೊಡಗಿತು. ಕಣ್ಣಿನಿಂದ ನೀರು ಇಳಿದು ತುಟಿಯ ಅಂಚಿಗೆ ಬಂತು. ಅವರು ಒರೆಸಿಕೊಳ್ಳಲಿಲ್ಲ. ಆಕೆ ನೋಡಿ ಮುಗಿಸುವವರೆಗೂ ಆ ನಗುವನ್ನು ಹಾಗೆಯೇ ಹಿಡಿದುಕೊಂಡು ಕೂತಿದ್ದರು.